ಶಾರ್ಕೋವ್‌ಸ್ಕಿಯ ಸಾಲಿನಲ್ಲಿ ಮೂರೇ ಮೊದಲು

ಎಲ್ಲರಿಗೂ ನಮಸ್ಕಾರ. ಕಲಬುರಗಿಯ ಈ ಬಿಸಿಲಲ್ಲೂ ಗಣಿತ ಕೇಳೋಕೆ ಇಷ್ಟು ಜನ ಬಂದಿದ್ದೀರಿ, ತುಂಬಾ ಖುಷಿಯಾಯಿತು. ಎಲ್ಲರೂ ಮೊಬೈಲ್‌ನಲ್ಲಿ ಕ್ಯಾಲ್ಕ್ಯುಲೇಟರ್ ತೆಗೆಯಿರಿ.

0 ಮತ್ತು 1ರ ನಡುವಿನ ಒಂದು ಸಂಖ್ಯೆ ಹಾಕಿ, 0.4 ಇರಲಿ. 1ರಲ್ಲಿ ಅದನ್ನು ಕಳೆಯಿರಿ. ಎರಡನ್ನೂ ಗುಣಿಸಿ, ಬಂದದ್ದನ್ನು 3.83ರಿಂದ ಗುಣಿಸಿ. ಉತ್ತರಕ್ಕೆ ಮತ್ತೆ ಅದನ್ನೇ ಮಾಡಿ. ಹೀಗೇ ಮಾಡುತ್ತಾ ಹೋದರೆ ಕೊನೆಗೆ ಮೂರೇ ಸಂಖ್ಯೆ ಸುತ್ತುತ್ತವೆ: 0.1561, 0.5047, 0.9574. ಹುಳುಗಳ ಸಂಖ್ಯೆ ವರ್ಷದಿಂದ ವರ್ಷಕ್ಕೆ ಏರಿಳಿಯುವುದನ್ನು ಅರಿಯಲು 1976ರಲ್ಲಿ ವಿಜ್ಞಾನಿ ರಾಬರ್ಟ್ ಮೇ ಎತ್ತಿಕೊಂಡದ್ದು ಇದೇ ಸೂತ್ರ. ನಮ್ಮ ತೊಗರಿಯ ಕಾಯಿಕೊರಕಕ್ಕೆ ಇದು ತೀರಾ ಸರಳವಾಯಿತು, ಆದರೆ ಗಣಿತಕ್ಕೆ ಸಾಕು.

ಮೂರರ ಸುತ್ತು ಇದ್ದರೆ ಏನಂತೆ? ಇದಕ್ಕೆ ಉತ್ತರ 1964ರಲ್ಲೇ ಅಚ್ಚಾಗಿತ್ತು. ಬರೆದವರು ಕೀವ್‌ನ ಗಣಿತಜ್ಞ ಅಲೆಕ್ಸಾಂಡರ್ ಶಾರ್ಕೋವ್‌ಸ್ಕಿ. ಆಗ ಅವರಿಗೆ 27 ವರ್ಷ. ಮೂರರ ಸುತ್ತು ಇದ್ದರೆ ನಾಲ್ಕರದ್ದು, ಐದರದ್ದು, ನೂರರದ್ದು, ಎಲ್ಲವೂ ಇದ್ದೇ ಇರುತ್ತವೆ ಅಂತ ಅವರ ಪ್ರಮೇಯದಿಂದ ಬರುತ್ತದೆ. ಬೇಕಾದದ್ದು ಒಂದೇ ಷರತ್ತು: ಗ್ರಾಫ್ ಎಲ್ಲೂ ಹರಿದಿರಬಾರದು. ಇಷ್ಟು ಕಡಿಮೆ ಕೇಳಿ ಇಷ್ಟು ಕೊಡುವ ಪ್ರಮೇಯ ನನಗೆ ಬೇರೆ ಸಿಕ್ಕಿಲ್ಲ.

ಯಾಕೆ ಹೀಗೆ? ಗೆರೆಯ ಮೇಲೆ ಎಡದಿಂದ ಬಲಕ್ಕೆ ಅ, ಬ, ಕ ಅಂತ ಮೂರು ಬಿಂದು ಇಡಿ. ಅ ಹೋಗಿ ಬ, ಬ ಹೋಗಿ ಕ, ಕ ಮತ್ತೆ ಅ. ಈಗ ಬ-ಕ ತುಂಡನ್ನು ನೋಡಿ. ಅದರ ಒಂದು ತುದಿ ಕ-ಗೆ ಹೋಯಿತು, ಇನ್ನೊಂದು ಅ-ಗೆ. ನಡುವೆ ಹರಿಯುವ ಹಾಗಿಲ್ಲ, ಅಲ್ವಾ? ಹಾಗಾಗಿ ಅದು ಇಡೀ ಅ-ಕ ಉದ್ದವನ್ನು ಮುಚ್ಚಲೇಬೇಕು, ತನ್ನನ್ನೂ ಸೇರಿಸಿ. ತನ್ನನ್ನೇ ಮುಚ್ಚಿದ ತುಂಡಿನಲ್ಲಿ ಕದಲದ ಬಿಂದು ಒಂದಾದರೂ ಇರುತ್ತದೆ. ಇನ್ನು ಅ-ಬ ತುಂಡು ಬ-ಕ ತುಂಡನ್ನು ಮುಚ್ಚುತ್ತದೆ. ಅಂದಮೇಲೆ ಅ-ಬದಿಂದ ಹೊರಟು, ಬ-ಕದೊಳಗೆ ಬೇಕಾದಷ್ಟು ಹೆಜ್ಜೆ ಕಳೆದು, ಹೊರಟಲ್ಲಿಗೇ ಮರಳುವ ಬಿಂದುವೂ ಸಿಗುತ್ತದೆ. ಹರಿಯದ ಗ್ರಾಫ್ ಎರಡು ಬೆಲೆಗಳ ನಡುವಿನದ್ದನ್ನೆಲ್ಲ ದಾಟಲೇಬೇಕು ಅನ್ನುವ, ಬಿ.ಎಸ್ಸಿ.ಯಲ್ಲಿ ಓದುವ ಮಧ್ಯಂತರ ಮೌಲ್ಯ ಪ್ರಮೇಯ ಬಿಟ್ಟರೆ ಇಲ್ಲಿ ಬೇರೇನೂ ಬಳಸಿಲ್ಲ!

ಶಾರ್ಕೋವ್‌ಸ್ಕಿ ಇನ್ನೂ ಮುಂದೆ ಹೋದರು. ಎಲ್ಲ ಸಂಖ್ಯೆಗಳನ್ನೂ ಹೊಸ ಸಾಲಿನಲ್ಲಿ ನಿಲ್ಲಿಸಿದರು. ಮೊದಲು 3, 5, 7 ಹೀಗೆ ಬೆಸ ಸಂಖ್ಯೆಗಳು, ಆಮೇಲೆ ಅವುಗಳ ಎರಡರಷ್ಟು, ನಾಲ್ಕರಷ್ಟು, ಹೀಗೇ ಮುಂದುವರಿದು ಕೊನೆಗೆ 8, 4, 2, 1. ಸಾಲಿನಲ್ಲಿ ಮೊದಲು ಬರುವ ಸಂಖ್ಯೆಯ ಸುತ್ತು ಇದ್ದರೆ ಅದರ ನಂತರ ಬರುವವುಗಳ ಸುತ್ತೆಲ್ಲ ಇರುತ್ತವೆ.

ಲೇಖನ ಯುಕ್ರೇನಿನ ಗಣಿತ ಪತ್ರಿಕೆಯಲ್ಲಿ ರಷ್ಯನ್ ಭಾಷೆಯಲ್ಲಿ ಬಂದಿತ್ತು. ಪಶ್ಚಿಮದಲ್ಲಿ ಹೆಚ್ಚಿನವರು ಓದಲಿಲ್ಲ. 1975ರಲ್ಲಿ ಲಿ ಮತ್ತು ಯಾರ್ಕ್ ಅನ್ನುವ ಗಣಿತಜ್ಞರು ಮೂರರ ಸುತ್ತಿನ ಮಾತನ್ನು ಸ್ವತಂತ್ರವಾಗಿ ಸಾಧಿಸಿದರು, ಗಣಿತದಲ್ಲಿ 'ಕೇಯಾಸ್' (ಅಸ್ತವ್ಯಸ್ತತೆ) ಅನ್ನುವ ಹೆಸರು ಬೇರೂರಿದ್ದು ಅವರಿಂದ. ಅವರ ಕೆಲಸವೂ ದೊಡ್ಡದೇ. ಆದರೆ ಪೂರ್ತಿ ಸಾಲು ಕೊಟ್ಟವರು ಶಾರ್ಕೋವ್‌ಸ್ಕಿ. ಆ ಗೌರವ ಅವರಿಗೇ ಸಲ್ಲಬೇಕು.

ಗೆರೆ ಬಿಟ್ಟು ವೃತ್ತಕ್ಕೆ ಹೋದರೆ ಇದು ನಡೆಯುವುದಿಲ್ಲ. ವೃತ್ತವನ್ನು 120 ಡಿಗ್ರಿ ತಿರುಗಿಸಿ: ಪ್ರತಿ ಬಿಂದುವೂ ಮೂರನೇ ಸಲಕ್ಕೆ ಮರಳುತ್ತದೆ, ಬೇರೆ ಯಾವ ಸುತ್ತೂ ಇಲ್ಲ.

ಈಗ ಮತ್ತೆ ಕ್ಯಾಲ್ಕ್ಯುಲೇಟರ್‌ಗೆ ಬನ್ನಿ, 3.83 ತೆಗೆದು 3.74 ಹಾಕಿ. ಐದರ ಸುತ್ತು ಬರುತ್ತದೆ. ಅಲ್ಲಿ ಮೂರರದ್ದು ಮಾತ್ರ ಸಿಗುವುದಿಲ್ಲ, ಏಕೆಂದರೆ ಅದು ಹುಟ್ಟುವುದೇ ಸುಮಾರು 3.8284ರಲ್ಲಿ.