ನಡೆದರೆ ಹಿಂಡು, ತರುಬಿದರೆ ಮಂದೆ

ಕೇಳುಗರೆಲ್ಲರಿಗೂ ನಮಸ್ಕಾರ.

ಹೋದ ವಾರ ನನ್ನ ಮೊಮ್ಮಗಳು ಶಾಲೆಯಿಂದ ಉತ್ತರಪತ್ರಿಕೆ ತಂದು ನನ್ನ ಮುಂದೆ ಹಿಡಿದಳು. ಬಿಟ್ಟ ಸ್ಥಳ ತುಂಬುವ ಪ್ರಶ್ನೆ. ‘ಬಾಳೆಯ’ ಎಂಬುದರ ಮುಂದೆ ‘ಗೊನೆ’ ಎಂದು ಬರೆದಿದ್ದಾಳೆ, ಸರಿ. ‘ದ್ರಾಕ್ಷಿಯ’ ಎಂಬುದರ ಮುಂದೆ ‘ಗೊಂಚಲು’, ಅದೂ ಸರಿ. ‘ಕುರಿಗಳ’ ಎಂಬುದರ ಮುಂದೆ ‘ಮಂದೆ’ ಎಂದು ಬರೆದಿದ್ದಾಳೆ. ಅದರ ಮೇಲೆ ಕೆಂಪು ಶಾಯಿಯ ಗೆರೆ, ಪಕ್ಕದಲ್ಲಿ ‘ಹಿಂಡು’ ಎಂಬ ತಿದ್ದುಪಡಿ, ಒಂದು ಅಂಕ ಕಡಿತ. “ಅಜ್ಜಾ, ಯಾವುದು ಸರಿ?” ಎಂದು ಕೇಳಿದಳು. ಮೂವತ್ತು ವರ್ಷ ಪಶುವೈದ್ಯನಾಗಿ ಕುರಿಗಳ ನಡುವೆಯೇ ಓಡಾಡಿದವನು ನಾನು. “ಕುರಿ ನಡೆಯುತ್ತಿದ್ದವೋ, ನಿಂತಿದ್ದವೋ? ಅದನ್ನು ಮೊದಲು ನಿಮ್ಮ ಮಾಸ್ತರರನ್ನು ಕೇಳಿಕೊಂಡು ಬಾ” ಎಂದೆ. ಅವಳು ಕೇಳಲಿಲ್ಲ. ಜಾಣೆ. ಕೇಳಿದ್ದರೆ ಇನ್ನೊಂದು ಅಂಕವೂ ಹೋಗುತ್ತಿತ್ತು.

ಅದಾದ ಎರಡೇ ದಿನಕ್ಕೆ ಆಕಾಶವಾಣಿಯಿಂದ ಕರೆ ಬಂತು. ಮಳೆಗಾಲಕ್ಕೆ ಮುಂಚೆ ಕುರಿಗಳ ಆರೈಕೆಯ ಬಗ್ಗೆ ಮಾತನಾಡಿ ಎಂದರು. ಆಗಲಿ, ಆರೈಕೆಯನ್ನೂ ಹೇಳುತ್ತೇನೆ, ಆದರೆ ಮೊದಲು ಈ ಒಂದು ಅಂಕದ ಲೆಕ್ಕ ಚುಕ್ತಾ ಆಗಬೇಕು ಎಂದೆ. ನಕ್ಕು ಒಪ್ಪಿಕೊಂಡರು.

ಈಗ ಈ ಮಾತನ್ನು ಯಾರು ಕೇಳುತ್ತಿದ್ದೀರಿ ಎಂದು ಊಹಿಸಬಲ್ಲೆ. ರಾಣೆಬೆನ್ನೂರಿನ ಕಡೆಯ ಯಾವುದೋ ಹೊಲದ ಬದುವಿನಲ್ಲಿ ಕಂಬಳಿ ಹೊದ್ದು, ಕೋಲಿಗೆ ಗದ್ದ ಊರಿ, ಹೆಗಲಿಗೆ ರೇಡಿಯೊ ನೇತುಹಾಕಿಕೊಂಡು ನಿಂತವರು ಒಬ್ಬರಾದರೂ ಇದ್ದೀರಿ. ನಿಮಗೆ ಹೇಳಿಕೊಡುವುದು ನನ್ನಲ್ಲಿ ಏನೂ ಇಲ್ಲ. ನಿಮ್ಮಂಥವರಿಂದ ಕಲಿತದ್ದನ್ನೇ ಧಾರವಾಡದ, ಹುಬ್ಬಳ್ಳಿಯ ಮನೆಗಳಲ್ಲಿ ಕುಳಿತವರಿಗೆ ಹೇಳುತ್ತಿದ್ದೇನೆ. ಮಾಸ್ತರರೂ ಕೇಳುತ್ತಿದ್ದರೆ ಒಳ್ಳೆಯದು.

ವಿಷಯ ಇಷ್ಟೇ. ನಡೆದರೆ ಹಿಂಡು, ತರುಬಿದರೆ ಮಂದೆ. ತರುಬುವುದು ಎಂದರೆ ತಡೆದು ನಿಲ್ಲಿಸುವುದು. ಬೆಳಿಗ್ಗೆ ಮೇಯಲು ಹೊರಟು, ರಸ್ತೆಯನ್ನೆಲ್ಲ ತುಂಬಿಕೊಂಡು, ಬಸ್ಸಿನ ಹಾರ್ನಿಗೂ ಜಗ್ಗದೆ ಸಾಗುತ್ತದಲ್ಲ, ಅದು ಹಿಂಡು. ಸಂಜೆ ಅದೇ ಕುರಿಗಳನ್ನು ಒಂದು ಹೊಲದಲ್ಲಿ ತರುಬಿ, ಸುತ್ತಲೂ ಬಲೆಯನ್ನೋ ಮುಳ್ಳನ್ನೋ ಕಟ್ಟಿ ರಾತ್ರಿ ಕೂಡಿಸಿದರೆ ಅದು ಮಂದೆ. ನಿಘಂಟು ತೆರೆದು ನೋಡಿ, ಮಂದೆ ಎಂದರೆ ಪ್ರಾಣಿಗಳೂ ಹೌದು, ಅವು ತಂಗುವ ಜಾಗವೂ ಹೌದು. ಹಿಂಡಿಗೆ ಜಾಗ ಬೇಕಿಲ್ಲ, ಅದು ಹೋದಲ್ಲೆಲ್ಲ ಹಿಂಡೇ. ಆನೆಯ ಹಿಂಡು ನಿಂತರೂ ಹಿಂಡೇ ಅಲ್ಲವೇ ಎಂದು ಈಗ ಯಾರೋ ಕೇಳುತ್ತಿದ್ದೀರಿ. ಇವತ್ತು ಕುರಿಯ ಮಾತು. ಆನೆಯವರನ್ನು ಇನ್ನೊಂದು ದಿನ ಕರೆಸಿಕೊಳ್ಳಿ.

ಇಂಗ್ಲಿಷಿನವರು ಕುರಿಗೆ ಫ್ಲಾಕ್ ಎನ್ನುತ್ತಾರೆ, ದನಕ್ಕೆ ಹರ್ಡ್ ಎನ್ನುತ್ತಾರೆ. ಅವರಲ್ಲಿ ಪ್ರಾಣಿ ಬದಲಾದರೆ ಪದ ಬದಲು. ನಮ್ಮ ಕುರಿಗಾರರಲ್ಲಿ ಪ್ರಾಣಿ ಅದೇ, ಅದು ಮಾಡುತ್ತಿರುವ ಕೆಲಸ ಬದಲಾದರೆ ಪದ ಬದಲು. ರೈತರಿಗೆ ಇದು ಹೊಸದೇನಲ್ಲ. ಕೊಯ್ದು ಕಟ್ಟಿದ ಜೋಳದ ದಂಟು ಸಿವುಡು, ಅದನ್ನೇ ಒಟ್ಟಿದರೆ ಬಣವಿ. ಸಿವುಡಿಗೂ ಬಣವಿಗೂ ‘ದಂಟಿನ ಗುಂಪು’ ಎಂದು ಯಾರಾದರೂ ಹೇಳಿದರೆ ನಿಮಗೆ ಹೇಗೆನಿಸೀತು? ‘ಕುರಿಗಳ ಗುಂಪು’ ಎಂದು ಪತ್ರಿಕೆಯಲ್ಲಿ ಓದಿದಾಗಲೆಲ್ಲ ನನಗೆ ಹಾಗೆಯೇ ಅನಿಸುತ್ತದೆ.

ಈ ವ್ಯತ್ಯಾಸ ನನಗೇನು ತಾಯಿಯ ಮಡಿಲಲ್ಲಿ ಬಂದದ್ದಲ್ಲ. ಹುಬ್ಬಳ್ಳಿಯ ಪೇಟೆಯಲ್ಲಿ ಬೆಳೆದವನು ನಾನು. ಚಿಕ್ಕಂದಿನಲ್ಲಿ ಕುರಿ ಎಂದರೆ ಸಂತೆಯ ದಿನ ಕಂಡದ್ದು. ಕಲಿತದ್ದು ಒಂದೇ ದಿನದಲ್ಲಿ, ಸೈಕಲ್ ತುಳಿದು ತುಳಿದು.

ನಲವತ್ತು ವರ್ಷದ ಹಿಂದಿನ ಮಾತು. ಕೆಲಸಕ್ಕೆ ಸೇರಿ ಎರಡು ತಿಂಗಳಾಗಿತ್ತು, ಗದಗದ ಆಚೆ, ಡಂಬಳದ ಕಡೆಗೆ ಹಾಕಿದ್ದರು. ಮೇ ತಿಂಗಳು. ಕಪ್ಪತಗುಡ್ಡ ಹುರಿದ ಹಂಚಿನಂತೆ ಕಾಣುತ್ತಿತ್ತು. ಒಂದು ಬೆಳಿಗ್ಗೆ ಬಸ್ಸಿನ ಕಂಡಕ್ಟರ್ ಒಂದು ಚೀಟಿ ತಂದುಕೊಟ್ಟ. ಅದರಲ್ಲಿ ಹೀಗಿತ್ತು: “ಹಿಂಡು ಗುಡ್ಡದ ಕಡೆ ಇದೆ. ಮಂದೆ ಹಳ್ಳದ ದಂಡೆಯ ಹೊಲದಲ್ಲಿದೆ. ಮುನ್ನೂರು ಕುರಿ. ಕರುಳು ಬೇನೆಯ ಸೂಜಿ ಹಾಕಬೇಕು. ಬೇಗ ಬನ್ನಿ.”

ನಾನು ಓದಿಕೊಂಡದ್ದು ಹೀಗೆ: ಗುಡ್ಡದಲ್ಲಿ ಒಂದು, ಹಳ್ಳದ ದಂಡೆಯಲ್ಲಿ ಇನ್ನೊಂದು, ತಲಾ ಮುನ್ನೂರು. ಒಟ್ಟು ಆರುನೂರು. ಆರುನೂರು ಕುರಿಗಾಗುವಷ್ಟು ಲಸಿಕೆಯನ್ನು ಮಂಜುಗಡ್ಡೆಯ ಡಬ್ಬಿಗೆ ತುಂಬಿ, ಸೈಕಲ್ಲಿನ ಕ್ಯಾರಿಯರಿಗೆ ಕಟ್ಟಿ ಹೊರಟೆ. ಹತ್ತಿರದ್ದನ್ನು ಮೊದಲು ಮುಗಿಸೋಣ ಎಂದು ಹಳ್ಳದ ದಂಡೆಯ ದಾರಿ ಹಿಡಿದೆ. ಹೋಗಿ ಮುಟ್ಟುವಾಗ ನೆತ್ತಿಯ ಮೇಲೆ ಬಿಸಿಲು.

ಹೊಲದಲ್ಲಿ ಕುರಿಯೇ ಇಲ್ಲ. ಗೂಟಗಳಿಗೆ ಕಟ್ಟಿದ ಬಲೆ ಇದೆ, ನೆಲದ ತುಂಬ ಹಿಕ್ಕೆ ಇದೆ, ಬೋರಲು ಹಾಕಿದ ಬುಟ್ಟಿಗಳ ಕೆಳಗೆ ನಾಲ್ಕಾರು ಎಳೆಯ ಮರಿಗಳಿವೆ, ನನ್ನನ್ನು ಕಂಡು ಒಂದೇ ಸಮನೆ ಬೊಗಳುವ ನಾಯಿ ಇದೆ. ಮೂರು ಕಲ್ಲಿನ ಒಲೆಯ ಮುಂದೆ ಒಬ್ಬ ಮುದುಕಿ ರೊಟ್ಟಿ ಬೇಯಿಸುತ್ತಿದ್ದರು.

“ಅವ್ವಾ, ಮಂದೆ ಎಲ್ಲಿದೆ?” ಎಂದೆ.

ಆಕೆ ತಲೆಯೆತ್ತಿ ನನ್ನ ಕಾಲುಗಳನ್ನು ನೋಡಿದರು. “ನೀನು ನಿಂತಿರುವುದೇ ಮಂದೆಯಲ್ಲಿ, ತಮ್ಮಾ.”

“ಹಾಗಾದರೆ ಕುರಿಗಳು?”

“ಹಿಂಡಿನಲ್ಲಿವೆ.”

“ಹಿಂಡು ಎಲ್ಲಿದೆ?”

“ಗುಡ್ಡದಲ್ಲಿ. ಹೊತ್ತು ಮುಳುಗಿದ ಮೇಲೆ ಇಲ್ಲಿಗೆ ಬಂದು ಮಂದೆಯಾಗುತ್ತದೆ. ಬಾ, ರೊಟ್ಟಿ ತಿನ್ನು.”

ಓದಿದವನಿಗೆ ಸೊಕ್ಕು ಜಾಸ್ತಿ ನೋಡಿ. ರೊಟ್ಟಿ ತಿನ್ನದೆ ಗುಡ್ಡಕ್ಕೆ ಸೈಕಲ್ ತಿರುಗಿಸಿದೆ. ಅರ್ಧ ದಾರಿ ತುಳಿದು, ಉಳಿದರ್ಧ ತಳ್ಳಿಕೊಂಡು ಹೋದೆ. ಕುರಿಗಳು ಸಿಕ್ಕವು. ಮುನ್ನೂರೂ ಸಿಕ್ಕವು, ಆದರೆ ಇಳಿಜಾರಿನ ತುಂಬ ಚೆಲ್ಲಾಪಿಲ್ಲಿಯಾಗಿ, ಒಂದರಿಂದೊಂದು ಮಾರು ದೂರದಲ್ಲಿ, ತಲೆ ತಗ್ಗಿಸಿಕೊಂಡು ಸರಿಯುತ್ತಲೇ ಇದ್ದವು. ಸಿರಿಂಜು ಹಿಡಿದು ಒಂದರ ಹಿಂದೆ ಓಡಿದೆ, ಹತ್ತು ಚದುರಿದವು. ಹಿಂಡಿನ ಯಜಮಾನ ಒಂದು ಕಲ್ಲಿನ ಮೇಲೆ ಕುಳಿತು ಬಹಳ ಹೊತ್ತು ಮರ್ಯಾದೆಯಿಂದ ಸುಮ್ಮನಿದ್ದ. ಕೊನೆಗೆ, “ಸಾಹೇಬರೆ, ಹಿಂಡಿಗೆ ಸೂಜಿ ಹಾಕಲು ಆಗುತ್ತದೆಯೇ? ಮಂದೆಗೆ ಬನ್ನಿ” ಎಂದ.

ಚೀಟಿಯಲ್ಲಿ ಅವನು ಬರೆಸಿದ್ದೂ ಅದನ್ನೇ. ಹಗಲು ಎಲ್ಲಿರುತ್ತೇವೆ, ರಾತ್ರಿ ಎಲ್ಲಿರುತ್ತೇವೆ, ಎರಡನ್ನೂ ಎರಡೇ ಪದಗಳಲ್ಲಿ ತಿಳಿಸಿದ್ದ. ಓದಲು ಬಾರದವನು ನಾನು.

ಮರಳಿ ಬಂದಾಗ ಮುದುಕಿ ಏನೂ ಕೇಳಲಿಲ್ಲ. ಲಸಿಕೆಯ ಡಬ್ಬಿಗೆ ಒದ್ದೆ ಮಾಡಿದ ಕಂಬಳಿ ಸುತ್ತಿ ನೆರಳಿನಲ್ಲಿ ಇಟ್ಟರು. ಅದಕ್ಕೇ ಸಂಜೆಯ ತನಕ ಮಂಜುಗಡ್ಡೆ ಅರ್ಧದಷ್ಟಾದರೂ ಉಳಿಯಿತು. ಹೊತ್ತು ಮುಳುಗುವಾಗ ಧೂಳು ಎದ್ದಿತು. ಮುಂದೆ ನಾಲ್ಕು ಆಡುಗಳು, ಹಿಂದೆ ಕುರಿಗಳು. ಕುರಿ ತಾನಾಗಿ ದಾರಿ ಹುಡುಕುವುದಿಲ್ಲ, ಆಡು ಹುಡುಕುತ್ತದೆ. ಅದಕ್ಕೇ ಕುರಿಗಾರರು ಹಿಂಡಿನಲ್ಲಿ ಕೆಲವು ಆಡುಗಳನ್ನು ಇಟ್ಟಿರುತ್ತಾರೆ. ಬುಟ್ಟಿಗಳನ್ನು ಎತ್ತಿದ್ದೇ ತಡ, ಮರಿಗಳೆಲ್ಲ ಅರಚುತ್ತ ನುಗ್ಗಿದವು. ಒಂದೊಂದು ತಾಯಿಯೂ ಬಂದ ಮರಿಯ ಬಾಲವನ್ನು ಮೂಸಿ ನೋಡಿ, ತನ್ನದಾದರೆ ನಿಲ್ಲುತ್ತಿತ್ತು, ಬೇರೆಯದಾದರೆ ತಲೆಯಿಂದ ದೂಡುತ್ತಿತ್ತು. ಆ ಗದ್ದಲದಲ್ಲಿ ಒಂದೂ ತಪ್ಪಲಿಲ್ಲ. ನಾನು ಪುಸ್ತಕದಲ್ಲಿ ಓದಿದ್ದೆ, ನೋಡಿರಲಿಲ್ಲ.

ಆ ರಾತ್ರಿ ಮಂದೆಯಲ್ಲೇ ಮಲಗಿದೆ. ಬೆಳಗಿನ ಜಾವ ಬಲೆಯಲ್ಲಿ ಒಂದು ಕುರಿ ನುಸುಳುವಷ್ಟು ಸಂದು ಬಿಟ್ಟು, ಒಂದೊಂದನ್ನೇ ಹಿಡಿದು ಕೊಟ್ಟರು. ಸೂಜಿ ಹಾಕಿದೆ, ಹೊರಗೆ ಬಿಟ್ಟರು. ಒಳಗಿದ್ದಾಗ ಮಂದೆ, ಸಂದು ದಾಟಿದರೆ ಹಿಂಡು. ಸೂರ್ಯ ಮೇಲೆ ಬರುವಷ್ಟರಲ್ಲಿ ಮುನ್ನೂರೂ ಮುಗಿದಿದ್ದವು. ಉಳಿದ ಮುನ್ನೂರು ಕುರಿಗಳ ಲಸಿಕೆಯನ್ನು ಏಕೆ ಮರಳಿ ತಂದೆ ಎಂದು ಮೇಲಧಿಕಾರಿಗಳು ಕಾಗದ ಬರೆದು ಕೇಳಿದರು. ಏನು ಉತ್ತರ ಕೊಟ್ಟೆ ಎಂಬುದು ಬೇಡ.

ಕತೆ ಉದ್ದವಾಯಿತು, ನನಗೆ ಗೊತ್ತು. ಆದರೆ ಇದು ಬರೀ ಪದದ ಜಗಳವಲ್ಲ, ಇದರಲ್ಲಿ ದುಡ್ಡಿನ ಲೆಕ್ಕವಿದೆ. ಹಿಂಡು ಹೊಲಕ್ಕೆ ನುಗ್ಗಿದರೆ ರೈತ ಬಡಿಗೆ ಹಿಡಿದು ಬರುತ್ತಾನೆ. ಅದೇ ರೈತ, ಸುಗ್ಗಿ ಮುಗಿದ ಮೇಲೆ ಅದೇ ಕುರಿಗಳ ಮಂದೆಯನ್ನು ತನ್ನ ಹೊಲದಲ್ಲಿ ಕೂಡಿಸಲು ಕಾಳನ್ನೋ ಹಣವನ್ನೋ ಕೊಟ್ಟು ಕರೆಯುತ್ತಾನೆ. ಕುರಿ ಹಿಕ್ಕೆಯಲ್ಲಿ ಸಾರಜನಕ ಸುಮಾರು ಶೇಕಡಾ 3ರಷ್ಟಿರುತ್ತದೆ. ನಿಮ್ಮ ತಿಪ್ಪೆಯ ಕೊಟ್ಟಿಗೆ ಗೊಬ್ಬರದಲ್ಲಿ ಶೇಕಡಾ ಅರ್ಧ ಇದ್ದರೆ ಹೆಚ್ಚು. ಮೇಲೆ ಕುರಿಯ ಗಂಜಲವೂ ನೇರವಾಗಿ ನೆಲಕ್ಕೆ ಇಳಿಯುತ್ತದೆ, ಚಕ್ಕಡಿ ಹೂಡಿ ಸಾಗಿಸುವ ಖರ್ಚಿಲ್ಲ. ಇವತ್ತು ಈ ಮೂಲೆ, ನಾಳೆ ಆ ಮೂಲೆ ಎಂದು ಬಲೆ ಸರಿಸುತ್ತ ಹೋದರೆ ಇಡೀ ಹೊಲಕ್ಕೆ ಗೊಬ್ಬರ ಹರಡಿದಂತೆ. ರೈತ ಹಣ ಕೊಡುವುದು ಮಂದೆಗೆ, ಬೈಯುವುದು ಹಿಂಡಿಗೆ. ಕುರಿ ಮಾತ್ರ ಅವೇ. ನಡೆದರೆ ಹಿಂಡು, ತರುಬಿದರೆ ಮಂದೆ.

ಇನ್ನೊಂದು ಮಾತು ಹೇಳದೆ ಇರಲಾರೆ. ನಮ್ಮ ಭಾಗದಲ್ಲಿ ಜನ ಎನ್ನುವುದು ಕಡಿಮೆ, ಮಂದಿ ಎನ್ನುವುದೇ ಹೆಚ್ಚು. ಮಂದೆ, ಮಂದಿ, ಎರಡೂ ಒಂದೇ ಬಳ್ಳಿಯ ಕಾಯಿಗಳು. ತೆಲುಗಿನಲ್ಲಿಯೂ ಮಂದ ಎಂದರೆ ಹಿಂಡು, ಮಂದಿ ಎಂದರೆ ಜನ. ಕೊಡಗಿನವರು ಹುತ್ತರಿ ಕೋಲಾಟ ಆಡುವ ಊರ ಬಯಲಿಗೆ ಮಂದ್ ಎನ್ನುತ್ತಾರೆ. ಕೂಡಿ ನಿಲ್ಲುವ ಜಾಗ, ಕೂಡಿ ನಿಂತವರು. ಇನ್ನು ಹಟ್ಟಿ, ದೊಡ್ಡಿ ಎಂಬ ಪದಗಳಿವೆ, ಅವು ಊರ ಬಳಿ ಕಾಯಮ್ಮಾಗಿ ಇರುವಂಥವು, ಮಂದೆಯಂತೆ ದಿನಾ ಸರಿಯುವುದಿಲ್ಲ. ಶಿರಹಟ್ಟಿ ಎಂದು ದಿನಾ ಬಾಯಲ್ಲಿ ಹೇಳುತ್ತೇವೆ, ಕೊನೆಯಲ್ಲಿರುವ ಹಟ್ಟಿ ಎಂದರೇನು ಎಂದು ಕೇಳುವವರಿಲ್ಲ.

ಈಗ ನಿಲಯದವರು ಕೊಟ್ಟ ವಿಷಯ. ಬೇಗ ಬೇಗ ಹೇಳುತ್ತೇನೆ. ಮುಂಗಾರು ಬೀಳುವ ಮೊದಲೇ ಕರುಳು ಬೇನೆಯ ಲಸಿಕೆ ಹಾಕಿಸಿ. ಹೊಸ ಮಳೆಗೆ ಚಿಗುರಿದ ಎಳೆ ಹುಲ್ಲನ್ನು ಹೊಟ್ಟೆ ಬಿರಿಯುವಂತೆ ತಿಂದ ದಷ್ಟಪುಷ್ಟ ಮರಿಯೇ ಈ ಬೇನೆಗೆ ಮೊದಲು ಬೀಳುತ್ತದೆ. ಸಂಜೆ ಚೆನ್ನಾಗಿದ್ದದ್ದು ಬೆಳಿಗ್ಗೆ ಸತ್ತಿರುತ್ತದೆ. ಯಾರೋ ಮಾಟ ಮಾಡಿದರು ಎನ್ನಬೇಡಿ, ಲಸಿಕೆ ಹಾಕಿಸಿ. ಹಿರೇಬೇನೆ, ಅಂದರೆ ಪಿಪಿಆರ್ ಎನ್ನುವ ಅಂಟುರೋಗ, ಅದಕ್ಕೂ ಲಸಿಕೆ ಇದೆ, ಪಶು ಆಸ್ಪತ್ರೆಯಲ್ಲಿ ವಿಚಾರಿಸಿ. ನೀಲಿ ನಾಲಿಗೆ ರೋಗ ಸಣ್ಣ ನುಸಿಗಳಿಂದ ಹರಡುತ್ತದೆ, ಆದ್ದರಿಂದ ಮಳೆಗಾಲದಲ್ಲಿ ನೀರು ನಿಂತ ತಗ್ಗಿನಲ್ಲಿ ಮಂದೆ ಹಾಕಬೇಡಿ, ಎತ್ತರದ ಜಾಗ ನೋಡಿ. ಎರೆ ನೆಲದ ಕೆಸರು ಗೊರಸಿನ ಸಂದಿನಲ್ಲಿ ಸಿಕ್ಕಿ ಕೊಳೆಯುತ್ತದೆ, ಎತ್ತರದ ಜಾಗ ಅದಕ್ಕೂ ಒಳ್ಳೆಯದು. ಗಮನಿಸಿದಿರಾ? ಲಸಿಕೆಯೂ ಮಂದೆಯಲ್ಲಿ, ರೋಗ ತಡೆಯುವುದೂ ಮಂದೆಯಲ್ಲಿ. ಹಿಂಡಿನಲ್ಲಿ ವೈದ್ಯನಿಗೆ ಕೆಲಸವಿಲ್ಲ.

ಡೆಕ್ಕನಿ ಕುರಿಯ ಕರಿ ಉಣ್ಣೆ, ಕಂಬಳಿ ಗಟ್ಟಿಯಾಗಲೆಂದು ಹಚ್ಚುವ ಹುಣಸೆ ಬೀಜದ ಗಂಜಿ, ದೇವರಗುಡ್ಡದ ಜಾತ್ರೆಗೆ ಕಂಬಳಿ ಹೊದ್ದು ಬರುವ ಗೊರವಯ್ಯಗಳು, ಇವನ್ನೆಲ್ಲ ಬರೆದುಕೊಂಡು ಬಂದಿದ್ದೆ. ಸಮಯ ಉಳಿದಿಲ್ಲ. ತಪ್ಪು ಡಂಬಳದ ಆ ಮುದುಕಿಯದು.

ಕೊನೆಗೆ ಒಂದು ಕೋರಿಕೆ. ನಿಮ್ಮ ಊರಿನಲ್ಲಿ ಕುರಿಗಳು ಕೂಡಿದ್ದಕ್ಕೆ ಹಿಂಡು, ಮಂದೆ ಬಿಟ್ಟು ಬೇರೆ ಪದವಿದ್ದರೆ ಒಂದು ಕಾರ್ಡಿನಲ್ಲಿ ಬರೆದು ನಿಲಯದ ವಿಳಾಸಕ್ಕೆ ಕಳಿಸಿ. ಯಾವಾಗ ಆ ಪದ ಬಳಸುತ್ತೀರಿ, ಹಗಲೋ ರಾತ್ರಿಯೋ, ನಡೆಯುವಾಗಲೋ ನಿಂತಾಗಲೋ ಎಂಬುದನ್ನೂ ಬರೆಯಿರಿ. ಎಲ್ಲ ಕಾರ್ಡುಗಳನ್ನೂ ನಾನೇ ಓದುತ್ತೇನೆ. ‘ಗುಂಪು’ ಎಂದು ಬರೆದ ಕಾರ್ಡನ್ನು ಮಾತ್ರ ಮೊಮ್ಮಗಳ ಕೈಗೆ ಕೊಡುತ್ತೇನೆ, ಅವಳ ಬಳಿ ಈಗ ಕೆಂಪು ಶಾಯಿಯ ಪೆನ್ನು ಇದೆ.

ನಮಸ್ಕಾರ.