ಮೊದಲು ಕತ್ತಿ, ಆಮೇಲೆ ಬೆಂಕಿ

ಕೇಳುಗರಿಗೆಲ್ಲ ನಮಸ್ಕಾರ.

ಮಾತಾಡೋಕೆ ಕೂತಾಗ ನನ್ನ ಕಣ್ಣ ಮುಂದೆ ಒಬ್ಬ ಹುಡುಗನೋ ಹುಡುಗಿಯೋ ಇದ್ದಾರೆ. ನ್ಯೂಜಿಲೆಂಡಿನ ಆಕ್ಲೆಂಡಿಗೆ ಓದೋಕೆ ಹೋದವರು, ಇಲ್ಲಾ ಅಲ್ಲಿರುವ ಅಣ್ಣನ ಮನೆಗೆ ರಜೆಗೆ ಹೊರಟವರು. ಅಲ್ಲಿಂದ ಪೆಸಿಫಿಕ್ ಸಾಗರದ ದ್ವೀಪ ದೇಶ ಸಮೋವಾಗೆ ವಿಮಾನದಲ್ಲಿ ಸುಮಾರು 4 ತಾಸು, ಅಷ್ಟೇ. ಹೋಗಿ ಇಳಿದ ಮೊದಲ ವಾರದಲ್ಲೇ ಯಾವುದಾದರೂ ಹೋಟೆಲಿನಲ್ಲಿ ಫಿಯಾಫಿಯಾ ನೋಡುತ್ತೀರಿ. ಫಿಯಾಫಿಯಾ ಅಂದರೆ ಊಟ, ಹಾಡು, ಕುಣಿತ ಎಲ್ಲ ಸೇರಿದ ಒಂದು ಸಂಜೆ. ದೀಪ ಆರಿಸುತ್ತಾರೆ. ಮರದ ಡೋಲು ಬಡಿಯೋಕೆ ಶುರುವಾಗುತ್ತೆ. ಬರಿಮೈಯ ಹುಡುಗನೊಬ್ಬ ಎರಡೂ ತುದಿ ಉರಿಯುವ ಕತ್ತಿ ತಿರುಗಿಸುತ್ತಾ ಓಡಿ ಬರುತ್ತಾನೆ. ಕತ್ತಿ ಕಾಣೋದಿಲ್ಲ. ಬೆಂಕಿಯ ಚಕ್ರ ಮಾತ್ರ ಕಾಣುತ್ತೆ. ಇದೇ ಸಿವಾ ಆಫಿ. ಅವರ ಭಾಷೆಯಲ್ಲಿ ಸಿವಾ ಅಂದರೆ ಕುಣಿತ, ಆಫಿ ಅಂದರೆ ಬೆಂಕಿ.

ಮಾರನೇ ದಿನ ಬೆಳಿಗ್ಗೆ ನೀವು ಕೇಳುವ ಪ್ರಶ್ನೆ ನನಗೆ ಗೊತ್ತು. "ಇದನ್ನು ನನಗೂ ಕಲಿಸುತ್ತೀರಾ?" ಒಳ್ಳೆಯ ಪ್ರಶ್ನೆ, ಖಂಡಿತ ಕೇಳಿ. ಆದರೆ ಅದರ ಹಿಂದೆಯೇ ಇನ್ನೊಂದು ಬರುತ್ತೆ ನೋಡಿ, "ಬೆಂಕಿ ಯಾವಾಗ ಹಚ್ಚೋದು?" ಅಂತ. ಅದನ್ನು ದಯವಿಟ್ಟು ಕೇಳಬೇಡಿ. ಇವತ್ತು ನಾನು ಹೇಳೋಕೆ ಬಂದಿರುವುದು ಒಂದೇ ಮಾತು. ಮೊದಲು ಕತ್ತಿ, ಆಮೇಲೆ ಬೆಂಕಿ.

ಈ ಕಲೆ ಬೆಳೆದು ಬಂದದ್ದೂ ಹಾಗೇ. ಸಮೋವಾದ ಯೋಧರು ಕಾಳಗದ ಮುಂಚೆ, ಗೆದ್ದ ಮೇಲೆ, ತಮ್ಮ ಆಯುಧ ತಿರುಗಿಸಿ, ಎಸೆದು, ಹಿಡಿದು ತೋರಿಸುತ್ತಿದ್ದರು. ಅದರ ಹೆಸರು ಐಲಾವೊ. ಕೊಕ್ಕೆ ಇರುವ ಆ ಕತ್ತಿಯ ಹೆಸರು ನಿಫೋ ಓತಿ. ನಿಫೋ ಅಂದರೆ ಹಲ್ಲು, ಓತಿ ಅಂದರೆ ಸಾವು. ಸಾವಿನ ಹಲ್ಲು. ಹೆಸರು ಕೇಳಿದರೇನೇ ಇದು ಆಟದ ಸಾಮಾನಲ್ಲ ಅಂತ ಗೊತ್ತಾಗುತ್ತೆ, ಅಲ್ವಾ? ಆಗ ಇದರಲ್ಲಿ ಬೆಂಕಿ ಇರಲೇ ಇಲ್ಲ.

ಬೆಂಕಿ ಬಂದದ್ದು 1946ರಲ್ಲಿ. ಅದೂ ಸಮೋವಾದಲ್ಲಿ ಅಲ್ಲ, ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ. ತಂದವರು ಫ್ರೆಡ್ಡಿ ಲೆತುಲಿ ಅನ್ನುವ ಸಮೋವಾ ಮೂಲದ ಕುಣಿತಗಾರರು. ಆಮೇಲೆ ದೊಡ್ಡ ಮುಖಂಡರಾಗಿ ಲೆತುಲಿ ಓಲೋ ಮಿಸಿಲಾಂಗಿ ಅನ್ನಿಸಿಕೊಂಡವರು. ಒಂದು ಪ್ರದರ್ಶನಕ್ಕೆ ಅಭ್ಯಾಸ ಮಾಡುತ್ತಿದ್ದಾಗ ಪಕ್ಕದಲ್ಲಿ ಇಬ್ಬರು ಅವರ ಕಣ್ಣಿಗೆ ಬಿದ್ದರು. ಒಬ್ಬಳು ಪುಟ್ಟ ಹುಡುಗಿ, ತುದಿಗೆ ದೀಪ ಇರುವ ಕೋಲು ತಿರುಗಿಸುತ್ತಿದ್ದಳು. ಇನ್ನೊಬ್ಬ ಬೆಂಕಿ ನುಂಗುವ ಆಟಗಾರ. ಅವನು ಹಿಂದೂ ಅಂತ ಆ ಕಥೆಯಲ್ಲಿ ಬರುತ್ತೆ. ಲೆತುಲಿ ಅವನ ಹತ್ತಿರ ಒಂದಿಷ್ಟು ಇಂಧನ ಕೇಳಿ ತಗೊಂಡರು. ಟವೆಲನ್ನು ಕತ್ತಿಗೆ ಸುತ್ತಿದರು, ಅದ್ದಿದರು, ಹಚ್ಚಿದರು. ಇವತ್ತು ಜಗತ್ತೆಲ್ಲ ನೋಡುವ ಕುಣಿತ ಹುಟ್ಟಿದ್ದು ಹೀಗೆ. ಈ ಕಥೆ ಹೇಳುವಾಗೆಲ್ಲ ನನಗೆ ಖುಷಿಯಾಗುತ್ತೆ. ಆದರೆ ಗಮನಿಸಿ. ಲೆತುಲಿ ಬೆಂಕಿ ಹಚ್ಚುವ ಹೊತ್ತಿಗೆ ಕತ್ತಿ ಅವರ ಕೈಗೆ ಪೂರ್ತಿ ಪಳಗಿತ್ತು.

ಈಗ ನನ್ನ ಕಥೆ ಹೇಳುತ್ತೇನೆ.

ನಾನು ಚಿಕ್ಕವನಿದ್ದಾಗ ಗರಡಿ ಮನೆಯಲ್ಲಿ ದೊಣ್ಣೆವರಸೆ ಕಲಿತವನು. ಕೋಲು ತಿರುಗಿಸೋದು ನನಗೆ ಹೊಸದಲ್ಲ ಅನ್ನುವ ಧೈರ್ಯದಲ್ಲೇ ಸಮೋವಾಗೆ ಹೋದೆ. ಉಪೋಲು ದ್ವೀಪದ ದಕ್ಷಿಣ ಕರಾವಳಿಯ ಒಂದು ಹಳ್ಳಿ. ಅಲ್ಲಿನ ಮನೆಗೆ ಫಾಲೆ ಅನ್ನುತ್ತಾರೆ. ಗೋಡೆ ಇಲ್ಲ, ಸುತ್ತ ಕಂಬ, ಮೇಲೆ ಸೂರು. ಕಲಿಸೋಕೆ ಒಪ್ಪಿದವರಿಗೆ ಅರವತ್ತು ದಾಟಿತ್ತು. ನಾನು ಅವರನ್ನು ಅಜ್ಜ ಅಂತಲೇ ಕರೆಯುತ್ತಿದ್ದೆ. ಅರ್ಥ ಹೇಳಿದ ಮೇಲೆ ಅವರಿಗೂ ಅದು ಇಷ್ಟವಾಯಿತು.

ಮೊದಲ ದಿನ ಅವರು ಕತ್ತಿ ಕೊಡಲಿಲ್ಲ. ಸೀಬೆ ಮರದ ಒಂದು ಕೋಲು ಕೊಟ್ಟರು. ಉದ್ದ ನನ್ನ ಸೊಂಟದಷ್ಟು. ಎರಡೂ ತುದಿಗೆ ಹಳೇ ಟವೆಲ್ ಸುತ್ತಿ ತಂತಿ ಬಿಗಿದಿತ್ತು. ಬೆಂಕಿಗಲ್ಲ, ತೂಕಕ್ಕೆ. ಜೀಗುಜ್ಜೆ ಮರದ ನೆರಳಲ್ಲಿ ನಿಲ್ಲಿಸಿ, ತಿರುಗಿಸು ಅಂದರು. ತಿರುಗಿಸಿದೆ. ಗರಡಿಯ ಕೈ ನೋಡಿ, ಭುಜದಿಂದ ಬೀಸಿತು. ಕೋಲು ಬಂದು ಕಣಕಾಲಿಗೆ ಬಡಿಯಿತು. ಇನ್ನೊಮ್ಮೆ ಬೀಸಿದೆ, ಮೊಣಕೈಗೆ ಬಡಿಯಿತು. ಅಜ್ಜ ಏನೂ ಹೇಳಲಿಲ್ಲ. ಒಳಗಿಂದ ಮೊಮ್ಮಗಳನ್ನು ಕರೆದರು. ಎಂಟೊಂಬತ್ತು ವರ್ಷದ ಹುಡುಗಿ. ಅವಳು ಕೋಲನ್ನು ನಡುಮಧ್ಯೆ ಹಿಡಿದಳು. ಭುಜ ಅಲ್ಲಾಡಲೇ ಇಲ್ಲ. ಮಣಿಕಟ್ಟು ಮಾತ್ರ ಆಡಿತು. ಎಂಟನ್ನು ಅಡ್ಡ ಮಲಗಿಸಿದ ಹಾಗೆ ಕೋಲು ಮೈಯ ಆ ಪಕ್ಕ ಒಮ್ಮೆ, ಈ ಪಕ್ಕ ಒಮ್ಮೆ ಸುತ್ತಿತು.

ಅಜ್ಜ ನನ್ನ ಕಡೆ ತಿರುಗಿ ಅಂದರು, "ತೋಯೆ ಫಾಯಿ." ಅಂದರೆ ಇನ್ನೊಮ್ಮೆ ಮಾಡು.

ಆ ಎರಡು ಪದ ನಾನು ಎಷ್ಟು ಸಲ ಕೇಳಿದೆನೋ ಲೆಕ್ಕ ಇಲ್ಲ. ಬೆಳಿಗ್ಗೆ ಒಂದೂವರೆ ತಾಸು, ಸಂಜೆ ಒಂದು ತಾಸು. ಬಲಗೈ ಆದ ಮೇಲೆ ಎಡಗೈ. ಎಡಗೈಗೆ ಬಲಗೈಗಿಂತ ಎರಡರಷ್ಟು. ಮೂರನೇ ದಿನಕ್ಕೆ ಹೆಬ್ಬೆರಳಿನ ಬುಡದಲ್ಲಿ ಬೊಬ್ಬೆ ಬಂತು. ಅಜ್ಜ ನನ್ನ ಅಂಗೈ ಬಿಡಿಸಿ ನೋಡಿದರು. ಬೊಬ್ಬೆ ಇದ್ದ ಜಾಗವನ್ನು ಬೆರಳಿಂದ ಮೆಲ್ಲಗೆ ಒತ್ತಿದರು. ಆಮೇಲೆ ತಮ್ಮ ಅಂಗೈ ಪಕ್ಕಕ್ಕಿಟ್ಟರು. ಅದೇ ಜಾಗದಲ್ಲಿ ಅವರಿಗೆ ನಾಣ್ಯದಷ್ಟು ಅಗಲದ ಗಟ್ಟಿ ಚರ್ಮ. "ನೀನು ಜಾಸ್ತಿ ಬಿಗಿ ಹಿಡಿಯುತ್ತೀಯ" ಅಂದರು. "ಹಕ್ಕಿಮರಿ ಹಿಡಿದ ಹಾಗೆ ಹಿಡಿ. ಸಾಯಬಾರದು, ಹಾರಲೂಬಾರದು."

ಅದೇ ವಾರ ಅದೇ ಊರಲ್ಲಿ ತಂಗಿದ್ದ ಇನ್ನೊಬ್ಬ ಪ್ರವಾಸಿಗೆ ತಾಳ್ಮೆ ಸಾಲಲಿಲ್ಲ. ಎಲ್ಲೋ ದುಡ್ಡು ಕೊಟ್ಟು ಎರಡೇ ದಿನದಲ್ಲಿ ಬೆಂಕಿ ಹಚ್ಚಿಸಿಕೊಂಡ. ಅವನಿಗೆ ಬೇಕಾಗಿದ್ದದ್ದು ಒಂದು ವಿಡಿಯೋ. ಮೊಣಕೈವರೆಗೆ ಬ್ಯಾಂಡೇಜು ಸುತ್ತಿಕೊಂಡು ವಾಪಸ್ ಬಂದ. ಏನಾಯಿತು ಅಂತ ಅವನೇ ಹೇಳಿದ. ಬೆಂಕಿ ಹತ್ತಿದಾಗ ಭಯವಾಯಿತಂತೆ. ಭಯವಾದ ಕೂಡಲೇ ತಿರುಗಿಸೋದು ನಿಲ್ಲಿಸಿದನಂತೆ.

ನಾನು ಹೇಳೋಕೆ ಹೊರಟದ್ದು ಇದನ್ನೇ. ಕತ್ತಿ ಜೋರಾಗಿ ತಿರುಗುವಾಗ ಜ್ವಾಲೆ ತುದಿಯ ಹಿಂದೆ ಹಿಂದೆ ಓಡುತ್ತೆ, ಕೈ ಕಡೆ ಬರೋದಿಲ್ಲ. ಕತ್ತಿ ನಿಂತರೆ ಜ್ವಾಲೆ ನೆಟ್ಟಗೆ ಮೇಲೇಳುತ್ತೆ. ಕತ್ತಿಯನ್ನು ಉದ್ದಕ್ಕೆ ಹಿಡಿದು ನಿಂತರಂತೂ ಕೆಳಗಿನ ತುದಿಯ ಜ್ವಾಲೆ ಸೀದಾ ಕೈಗೇ ಬರುತ್ತೆ. ನಮ್ಮ ಮೈ ಹೇಗೆ ಅಂದರೆ, ಹೆದರಿದಾಗ ನಿಂತುಬಿಡುತ್ತೆ. ಆ ಕ್ಷಣದಲ್ಲಿ ತಲೆ ಓಡೋದಿಲ್ಲ. ಕೈಗೆ ಏನು ರೂಢಿಯಾಗಿದೆಯೋ ಕೈ ಅದನ್ನಷ್ಟೇ ಮಾಡುತ್ತೆ. ಸಾವಿರಾರು ಸಲ ತಿರುಗಿಸಿದ ಕೈ ಹೆದರಿದರೂ ತಿರುಗಿಸುತ್ತಲೇ ಇರುತ್ತೆ. ಎರಡು ದಿನದ ಕೈ ನಿಲ್ಲುತ್ತೆ. ಅದಕ್ಕೇ ಮತ್ತೆ ಹೇಳುತ್ತೇನೆ, ಮೊದಲು ಕತ್ತಿ, ಆಮೇಲೆ ಬೆಂಕಿ.

ನನಗೆ ಬೆಂಕಿ ಸಿಕ್ಕಿದ್ದು ಐದನೇ ವಾರದ ಕೊನೆಗೆ. ಕೋಲಾದ ಮೇಲೆ ಮೊಂಡು ಕತ್ತಿ, ಅದಾದ ಮೇಲೆ ಕತ್ತಿಯ ತುದಿಗೆ ಒದ್ದೆ ಬಟ್ಟೆ. ಆಮೇಲೆ ಒಂದು ಸಂಜೆ ಅಜ್ಜ ಸುಮ್ನೆ ಎದ್ದು ಹೋಗಿ ಇಂಧನದ ಡಬ್ಬಿ ತಂದರು. ಬತ್ತಿ ಅದ್ದಿ, ಚೆನ್ನಾಗಿ ಕೊಡವಿಸಿದರು. ಇದನ್ನು ನೆನಪಿಟ್ಟುಕೊಳ್ಳಿ, ಕೊಡವದಿದ್ದರೆ ತಿರುಗಿಸುವಾಗ ಉರಿಯುವ ಹನಿ ಸುತ್ತಲೂ ಸಿಡಿಯುತ್ತೆ. ಮೊಮ್ಮಗಳು ಒದ್ದೆ ಗೋಣಿಚೀಲ ಹಿಡಿದು ಪಕ್ಕಕ್ಕೆ ನಿಂತಳು. ಹಚ್ಚಿದರು.

ನನಗೆ ಮೊದಲು ಗೊತ್ತಾದದ್ದು ಬಿಸಿ ಅಲ್ಲ, ಸದ್ದು. ಪ್ರತಿ ಸುತ್ತಿಗೂ ಕಿವಿ ಪಕ್ಕ ಭರ್ ಭರ್ ಅಂತ ಗಾಳಿ ಸೀಳುವ ಸದ್ದು. ಮರ ಕಾಣಲಿಲ್ಲ, ಅಜ್ಜ ಕಾಣಲಿಲ್ಲ. ಬೆಳಕಿನಾಚೆ ಎಲ್ಲ ಕಪ್ಪು. ಹೆದರಿದೆ. ಕೈ ಮಾತ್ರ ಎಂಟು ಹಾಕುತ್ತಲೇ ಇತ್ತು. ಒಂದು ನಿಮಿಷ ಕೂಡ ಆಗಿರಲಿಲ್ಲ, ಅಜ್ಜ ಸಾಕು ಅಂದರು. ಮೊಮ್ಮಗಳು ಗೋಣಿ ಮುಚ್ಚಿ ಆರಿಸಿದಳು.

"ಮಾಲೊ" ಅಂದರು ಅಜ್ಜ. ಶಭಾಷ್ ಅಂತ. ನಾನು ಏನು ಹೇಳಬೇಕೋ ತಿಳಿಯದೆ ನಿಂತೆ. ಹುಡುಗಿ ಮೆಲ್ಲಗೆ ಹೇಳಿಕೊಟ್ಟಳು, "ಮಾಲೊ ಲೆ ತಪುವಾಯಿ ಅನ್ನು." ಜೊತೆಗೆ ಕೂತು ಮನಸ್ಸಿನಲ್ಲೇ ಬಲ ಕೊಟ್ಟವರಿಗೆ ಶಭಾಷ್ ಅಂತ ಅದರ ಅರ್ಥ. ಸಮೋವಾದಲ್ಲಿ ಮಾಡಿದವನಿಗೆ ಒಂದು ಮಾಲೊ ಸಿಕ್ಕರೆ, ಕೂತು ನೋಡಿದವರಿಗೆ ಅವನು ತಿರುಗಿ ಒಂದು ಮಾಲೊ ಕೊಡುತ್ತಾನೆ. ನಾನು ಹೇಳಿದೆ. ಗಂಟಲು ಕಟ್ಟಿತ್ತು.

ಅಯ್ಯೋ, ಸಮಯ ಹತ್ತಿರ ಬಂತು ಅಂತ ಗಾಜಿನಾಚೆಯಿಂದ ಸನ್ನೆ ಮಾಡುತ್ತಿದ್ದಾರೆ. ಉಳಿದದ್ದನ್ನು ಬೇಗ ಬೇಗ ಹೇಳಿಬಿಡುತ್ತೇನೆ.

ಬಟ್ಟೆ ಹತ್ತಿಯದೇ ಇರಲಿ. ನೈಲಾನ್, ಪಾಲಿಯೆಸ್ಟರ್ ಬೇಡವೇ ಬೇಡ, ಕರಗಿ ಮೈಗೆ ಅಂಟುತ್ತೆ. ಕೂದಲು ಕಟ್ಟಿ. ಒಬ್ಬರೇ ಇದ್ದಾಗ ಬೆಂಕಿ ಹಚ್ಚಬೇಡಿ. ಒದ್ದೆ ಬಟ್ಟೆ ಹಿಡಿದು ಒಬ್ಬರು ಪಕ್ಕದಲ್ಲಿ ಇರಲೇಬೇಕು.

ಫಾಲೆ ಒಳಗೆ ಹೋಗುವಾಗ ಚಪ್ಪಲಿ ಬಿಡಿ. ಕೂತಾಗ ಬೇರೆಯವರ ಕಡೆ ಕಾಲು ಚಾಚಬೇಡಿ. ಇದನ್ನು ನಮ್ಮವರಿಗೆ ಹೇಳಿಕೊಡಬೇಕಾಗಿಲ್ಲ, ಮನೆಯಲ್ಲಿ ಅಜ್ಜಿ ಹೇಳಿರುತ್ತಾರೆ. ಸಂಜೆ ಪ್ರಾರ್ಥನೆಯ ಹೊತ್ತಿಗೆ ಸಾ ಅನ್ನುತ್ತಾರೆ. ಗಂಟೆಯೋ ಶಂಖವೋ ಕೇಳಿದರೆ ಅಭ್ಯಾಸ ನಿಲ್ಲಿಸಿ ಸುಮ್ಮನೆ ಕೂತುಬಿಡಿ. ಭಾನುವಾರ ಚರ್ಚಿನ ದಿನ, ಮನೆಮಂದಿಯೆಲ್ಲ ಸೇರಿ ಊಟ ಮಾಡುವ ದಿನ. ಅವತ್ತು ಕೋಲು ಮುಟ್ಟೋದಿಲ್ಲ.

ಹುಡುಗಿಯರು ಕಲಿಯಬಹುದಾ ಅಂತ ಕೇಳುತ್ತಾರೆ. ಖಂಡಿತ ಕಲಿಯಬಹುದು. ಹವಾಯಿಯ ಲಾಯಿಯೆ ಅನ್ನುವ ಊರಿನಲ್ಲಿರುವ ಪಾಲಿನೇಷ್ಯನ್ ಕಲ್ಚರಲ್ ಸೆಂಟರಿನಲ್ಲಿ 1993ರಲ್ಲಿ ಇದರ ವಿಶ್ವ ಸ್ಪರ್ಧೆ ಶುರುವಾಯಿತು. ಅಲ್ಲಿ ಹೆಣ್ಣುಮಕ್ಕಳೂ ಕಣಕ್ಕಿಳಿಯುತ್ತಾರೆ, ಮಕ್ಕಳೂ ಇಳಿಯುತ್ತಾರೆ. ಕಲಿಸುವವರು ಎಲ್ಲಿ ಸಿಗುತ್ತಾರೆ ಅನ್ನೋರಿಗೆ, ಫಿಯಾಫಿಯಾ ಮುಗಿದ ಮೇಲೆ ಕುಣಿದವರ ಹತ್ತಿರವೇ ಹೋಗಿ ಮರ್ಯಾದೆಯಿಂದ ಕೇಳಿ. ಮುಂಚೆಯೇ ಹೇಳಿಬಿಡಿ, "ನನಗೆ ಬೆಂಕಿ ಬೇಡ, ಕೋಲು ಕೊಡಿ" ಅಂತ. ಆ ಮಾತು ಕೇಳಿದ ಕೂಡಲೇ ಅವರು ನಿಮ್ಮನ್ನು ನೋಡುವ ರೀತಿಯೇ ಬೇರೆಯಾಗುತ್ತೆ.

ಎರಡೇ ವಾರ ರಜೆ ಇದೆಯಾ? ಎರಡು ವಾರವೂ ಕೋಲೇ ತಿರುಗಿಸಿ. ಬರುವಾಗ ಆ ಕೋಲನ್ನು ಕೇಳಿ ತಗೊಂಡು ಬನ್ನಿ, ದೊಡ್ಡ ಪೆಟ್ಟಿಗೆಯೊಳಗೆ ಹಾಕಿ. ಮನೆಯ ತಾರಸಿ ಮೇಲೆ ದಿನಾ ಅರ್ಧ ತಾಸು, ಎಡಗೈಗೆ ಜಾಸ್ತಿ. ಮುಂದಿನ ರಜೆಗೆ ಮತ್ತೆ ಹೋಗಿ. ಅಜ್ಜ ಕೊಟ್ಟ ಸೀಬೆ ಕೋಲು ಈಗಲೂ ನನ್ನ ಹತ್ತಿರ ಇದೆ. ನಡುವಿನಲ್ಲಿ ಹಿಡಿದೂ ಹಿಡಿದೂ ಬಣ್ಣ ಕಪ್ಪಾಗಿದೆ. ಇವತ್ತು ಬೆಳಿಗ್ಗೆ ಇಲ್ಲಿಗೆ ಹೊರಡುವ ಮುಂಚೆ ಕೂಡ ಅದನ್ನು ತಿರುಗಿಸಿಯೇ ಬಂದೆ.

ನಮಸ್ಕಾರ.