ಸಾಲ ಒಮ್ಮೆಲೇ ಯಾಕೆ ಬತ್ತುತ್ತದೆ?

ವೇದಿಕೆಯ ಮೇಲಿರುವ ಹಿರಿಯರೇ, ವಾಣಿಜ್ಯ ವಿಭಾಗದ ವಿದ್ಯಾರ್ಥಿಗಳೇ, ಶಿಡ್ಲಘಟ್ಟ, ಚಿಂತಾಮಣಿ ಕಡೆಯಿಂದ ಚಿಕ್ಕಬಳ್ಳಾಪುರದವರೆಗೆ ಬಂದಿರುವ ರೈತರೇ, ರೀಲರ್‌ಗಳೇ, ಸಂಘಗಳ ತಾಯಂದಿರೇ, ಎಲ್ಲರಿಗೂ ನಮಸ್ಕಾರ.

ಆರ್ಥಿಕ ಬಿಕ್ಕಟ್ಟು ಅಂದ ಕೂಡಲೇ ಪುಸ್ತಕಗಳು ನಮ್ಮನ್ನು ಅಮೆರಿಕಕ್ಕೆ ಕರೆದುಕೊಂಡು ಹೋಗುತ್ತವೆ. ಅಲ್ಲಿಗೂ ಹೋಗೋಣ. ಆದರೆ ಮೊದಲು ಶಿಡ್ಲಘಟ್ಟದ ರೇಷ್ಮೆಗೂಡಿನ ಮಾರುಕಟ್ಟೆಗೆ ಹೋಗಿ ಬರೋಣ. ಸಾಲ ಬತ್ತುವುದು ಹೇಗೆ ಅನ್ನುವುದು ಅಲ್ಲಿ ಲಾಟ್ ಲಾಟಿನಲ್ಲೂ ಕಣ್ಣಿಗೆ ಕಾಣುತ್ತದೆ.

ಒಬ್ಬ ರೀಲರ್, ಅಂದರೆ ಗೂಡು ಕೊಂಡು ನೂಲು ತೆಗೆಯುವವರು, ದಿನಕ್ಕೆ 50 ಕೆಜಿ ಗೂಡು ಹರಾಜಿನಲ್ಲಿ ಹಿಡಿಯುತ್ತಾರೆ ಅಂತ ಇಟ್ಟುಕೊಳ್ಳಿ. ಕೆಜಿಗೆ 500 ರೂಪಾಯಿ. ದಿನಕ್ಕೆ 25 ಸಾವಿರ ಆಯಿತು. ರೈತರ ದುಡ್ಡು ಆಗಲೇ ಕೊಡಬೇಕು. ಒಂದು ಕೆಜಿ ನೂಲಿಗೆ ಸುಮಾರು ಏಳೆಂಟು ಕೆಜಿ ಗೂಡು ಬೇಕು. ಬೇಯಿಸಿ, ನೂಲು ಬಿಚ್ಚಿ, ವ್ಯಾಪಾರಿಗೆ ಕೊಟ್ಟರೆ ಅವರು ಹದಿನೈದು ದಿನಕ್ಕೆ ದುಡ್ಡು ಕೊಡುತ್ತಾರೆ. ಹಾಗಾದರೆ ಯಾವಾಗ ನೋಡಿದರೂ ಈ ರೀಲರ್‌ನ 3 ಲಕ್ಷ 75 ಸಾವಿರ ರೂಪಾಯಿ ಹೊರಗೆ ನಿಂತಿರುತ್ತದೆ. ಈಗ ವ್ಯಾಪಾರಿ, "ಸೀರೆ ಹೋಗ್ತಾ ಇಲ್ಲ, ನಲವತ್ತೈದು ದಿನ ತಡಕೊಳ್ಳಪ್ಪ" ಅಂದರು. ಅಷ್ಟೇ. ಗೂಡಿನ ರೇಟು ಬದಲಾಗಿಲ್ಲ, ನೂಲಿನ ರೇಟು ಬದಲಾಗಿಲ್ಲ, ಯಾರಿಗೂ ಒಂದು ಪೈಸೆ ನಷ್ಟ ಆಗಿಲ್ಲ. ಆದರೆ ಅದೇ ಕೆಲಸ ನಡೆಸೋದಕ್ಕೆ ಈಗ 11 ಲಕ್ಷ 25 ಸಾವಿರ ಬೇಕು. ಮೂರು ಪಟ್ಟು.

ಅಷ್ಟು ದುಡ್ಡು ಅವರ ಹತ್ತಿರ ಇಲ್ಲ. ಮಾರನೆಯ ದಿನ ಹರಾಜಿನಲ್ಲಿ 20 ಕೆಜಿಗೆ ಮಾತ್ರ ಕೂಗುತ್ತಾರೆ. ಎಲ್ಲ ರೀಲರ್‌ಗಳದ್ದೂ ಅದೇ ಕಥೆಯಾದರೆ ಕೂಗುವವರೇ ಕಡಿಮೆಯಾಗುತ್ತಾರೆ. ಗೂಡಿನ ರೇಟು ಬೀಳುತ್ತದೆ. ರೈತ ಗೂಡನ್ನು ಮನೆಗೆ ವಾಪಸ್ ತಗೊಂಡು ಹೋಗಿ ಒಳ್ಳೆ ರೇಟಿಗೆ ಕಾಯುವ ಹಾಗಿಲ್ಲ. ನಾಲ್ಕು ದಿನ ಬಿಟ್ಟರೆ ಚಿಟ್ಟೆ ಗೂಡು ತೂತು ಮಾಡಿ ಹೊರಗೆ ಬರುತ್ತದೆ, ಆಮೇಲೆ ಅದರಲ್ಲಿ ನೂಲು ಎಳೆ ಹಿಡಿಯುವುದಿಲ್ಲ. ಬಂದಷ್ಟಕ್ಕೆ ಕೊಟ್ಟು ಹೋಗಬೇಕು. ಈಗ ನಷ್ಟ ನಿಜವಾಗಿ ಹುಟ್ಟಿತು. ಅದೂ ರೀಲರ್ ಮತ್ತು ವ್ಯಾಪಾರಿಯ ಈ ಉದ್ರಿ ವ್ಯವಹಾರದಲ್ಲೇ ಇಲ್ಲದ ರೈತನ ಮನೆಯಲ್ಲಿ. ಅವನ ಬೆಳೆ ಸಾಲ ಸುಸ್ತಿಗೆ ಬೀಳುತ್ತದೆ, ಮನೆಯವರ ಸಂಘದ ಕಂತು ತಪ್ಪುತ್ತದೆ.

ಕ್ರೆಡಿಟ್ ಕ್ರಂಚ್ ಅಂದರೆ ಇದೇ. ದುಡ್ಡು ಎಲ್ಲೂ ಕಳೆದುಹೋಗಿಲ್ಲ. ಸಿಗುವ ಹೊತ್ತಿಗೆ ಸಿಗಲಿಲ್ಲ, ಆ ತಡವೇ ನಷ್ಟವಾಗಿ ಕೂತಿತು.

ಈಗ ಬ್ಯಾಂಕಿನ ಕಡೆಗೆ ಬನ್ನಿ. ನಮ್ಮ ದೇಶದಲ್ಲಿ ಬ್ಯಾಂಕು ನೂರು ರೂಪಾಯಿ ಸಾಲಕ್ಕೆ ಕನಿಷ್ಠ ಒಂಬತ್ತು ರೂಪಾಯಿ ಸ್ವಂತ ಬಂಡವಾಳ ಇಟ್ಟಿರಬೇಕು. ನಿಯಮದಲ್ಲಿ ಸೂಕ್ಷ್ಮಗಳು ತುಂಬ ಇವೆ, ನಾನು ಸರಳ ಮಾಡಿ ಹೇಳುತ್ತಿದ್ದೇನೆ. ನೂರು ಕೊಟ್ಟಿದ್ದಾರೆ, ಸ್ವಂತದ್ದು ಒಂಬತ್ತು. ನಾಲ್ಕು ರೂಪಾಯಿ ಮುಳುಗಿತು. ಉಳಿದ ಬಂಡವಾಳ ಐದು. ಐದು ರೂಪಾಯಿ ಬಂಡವಾಳಕ್ಕೆ ಎಷ್ಟು ಸಾಲ ಇಟ್ಟುಕೊಳ್ಳಬಹುದು? ಸುಮಾರು 55. ಮುಳುಗಿದ್ದು ನಾಲ್ಕು, ಆದರೆ ಹೊಸ ಬಂಡವಾಳ ಬರದಿದ್ದರೆ ಹಿಂದಕ್ಕೆ ಎಳೆದುಕೊಳ್ಳಬೇಕಾದ್ದು ನಲವತ್ತು. ಆ ನಲವತ್ತರಲ್ಲಿ ಒಂದು ಕಂತೂ ತಪ್ಪಿಸದವರ ಓಡಿ ಮಿತಿ, ಅಂದರೆ ಖಾತೆಯಲ್ಲಿ ಇರುವುದಕ್ಕಿಂತ ಹೆಚ್ಚು ತೆಗೆಯಲು ಕೊಟ್ಟ ಸಾಲದ ಮಿತಿ ಇದೆ, ಹೊಸದಾಗಿ ಅರ್ಜಿ ಹಾಕಿದ ಹುಡುಗಿಯ ಶಿಕ್ಷಣ ಸಾಲ ಇದೆ. ಮ್ಯಾನೇಜರ್ ಕೆಟ್ಟವರಾದರು ಅಂತ ಅಲ್ಲ, ಅವರ ಕೈ ಕಟ್ಟಿಹೋಗಿದೆ. ವಿದ್ಯಾರ್ಥಿಗಳು ಈ ಲೆಕ್ಕವನ್ನು ಮನೆಯಲ್ಲಿ ಮತ್ತೊಮ್ಮೆ ಹಾಕಿ ನೋಡಬೇಕು ಅಂತ ನನ್ನ ಆಸೆ.

ಇನ್ನು ಸಾಲ ಕೊಡುವವರ ಅಪಾಯದ ಲೆಕ್ಕ. ನೂರು ಜನಕ್ಕೆ ಕೊಟ್ಟರೆ ಇಬ್ಬರೋ ಮೂವರೋ ಕಟ್ಟಲ್ಲ, ಅದನ್ನು ಬಡ್ಡಿಯಲ್ಲೇ ತೂಗಿಸಿಕೊಂಡಿರುತ್ತಾರೆ. ಒಬ್ಬರ ಮನೆಯಲ್ಲಿ ಕಾಯಿಲೆ, ಇನ್ನೊಬ್ಬರ ಹಸು ಸತ್ತಿತು. ಕಷ್ಟಗಳು ಬಿಡಿಬಿಡಿಯಾಗಿ ಬಂದರೆ ಈ ಲೆಕ್ಕ ನಿಲ್ಲುತ್ತದೆ. ಎಲ್ಲರಿಗೂ ಒಂದೇ ವಾರದಲ್ಲಿ ಬಂದರೆ ನಿಲ್ಲುವುದಿಲ್ಲ. ಇವತ್ತು ನಾನು ಹೇಳಬೇಕು ಅಂತ ಬಂದ ವಿಷಯ ಇದೊಂದೇ, ಉಳಿದದ್ದೆಲ್ಲ ಇದಕ್ಕೆ ಉದಾಹರಣೆ.

ಅಮೆರಿಕದಲ್ಲಿ ಆದದ್ದೂ ಇದೇ. ಸಾಲ ತೀರಿಸುವ ಶಕ್ತಿ ಕಡಿಮೆ ಇದ್ದವರಿಗೂ ಮನೆ ಸಾಲ ಕೊಟ್ಟರು, ಅಂಥ ಸಾವಿರಾರು ಸಾಲಗಳನ್ನು ಕಟ್ಟು ಕಟ್ಟಿ ಪತ್ರಗಳನ್ನಾಗಿ ಮಾಡಿ ಮಾರಿದರು. ಒಂದು ಊರಲ್ಲಿ ಮನೆ ಬೆಲೆ ಬಿದ್ದರೆ ಇನ್ನೊಂದು ಊರಲ್ಲಿ ಏರುತ್ತದೆ, ದೇಶಕ್ಕೆ ದೇಶವೇ ಒಟ್ಟಿಗೆ ಬೀಳುವುದಿಲ್ಲ ಅನ್ನುವುದು ಅವರ ನಂಬಿಕೆ. ಒಟ್ಟಿಗೇ ಬಿತ್ತು. 2007ರ ಆಗಸ್ಟ್ 9ರಂದು ಫ್ರಾನ್ಸಿನ ಬಿಎನ್‌ಪಿ ಪಾರಿಬಾ ಬ್ಯಾಂಕು ತನ್ನ ಮೂರು ನಿಧಿಗಳಿಂದ ಹಣ ತೆಗೆಯುವುದನ್ನು ನಿಲ್ಲಿಸಿತು. ಕಾರಣ ಕೇಳಿ: ಅದರಲ್ಲಿರುವ ಪತ್ರಗಳಿಗೆ ಬೆಲೆ ಎಷ್ಟು ಅಂತ ಕಟ್ಟುವುದಕ್ಕೇ ಆಗುತ್ತಿಲ್ಲ ಅಂದರು. ಆ ಹೊತ್ತಿಗೆ ಮುಳುಗಿದವರು ಎಷ್ಟು ಅನ್ನುವುದಕ್ಕಿಂತ ಯಾರು ಮುಳುಗುತ್ತಾರೆ ಅಂತ ಗೊತ್ತಾಗದಿರುವುದೇ ದೊಡ್ಡದಾಯಿತು. ಗೊತ್ತಾಗದಿದ್ದಾಗ ಯಾರಿಗೂ ಕೊಡುವುದಿಲ್ಲ. 2008ರ ಸೆಪ್ಟೆಂಬರ್ 15ಕ್ಕೆ ಅಮೆರಿಕದ ದೊಡ್ಡ ಹೂಡಿಕೆ ಬ್ಯಾಂಕು ಲೇಮನ್ ಬ್ರದರ್ಸ್ ಬಿದ್ದ ಮೇಲೆ ಬ್ಯಾಂಕು ಬ್ಯಾಂಕನ್ನೇ ನಂಬದ ಸ್ಥಿತಿ ಬಂತು.

ನಮ್ಮ ಬ್ಯಾಂಕುಗಳ ಹತ್ತಿರ ಆ ಪತ್ರಗಳು ಹೆಚ್ಚೇನೂ ಇರಲಿಲ್ಲ. ಆದರೂ ಬಿಸಿ ತಟ್ಟಿತು. ಹೊರದೇಶದಲ್ಲಿ ಸಾಲ ಎತ್ತುತ್ತಿದ್ದ ಕಂಪನಿಗಳು ಅಲ್ಲಿ ಬಾಗಿಲು ಮುಚ್ಚಿದಾಗ ಇಲ್ಲಿಗೆ ಬಂದು ಸಾಲಿನಲ್ಲಿ ನಿಂತವು. ರಿಸರ್ವ್ ಬ್ಯಾಂಕು 2008ರ ಅಕ್ಟೋಬರ್‌ನಿಂದ 2009ರ ಜನವರಿಯೊಳಗೆ ನಗದು ಮೀಸಲು ಅನುಪಾತವನ್ನು, ಅಂದರೆ ಬ್ಯಾಂಕುಗಳು ತನ್ನ ಹತ್ತಿರ ಇಡಬೇಕಾದ ಠೇವಣಿಯ ಪಾಲನ್ನು, ಶೇಕಡ 9ರಿಂದ 5ಕ್ಕೆ ಇಳಿಸಿತು, ಬ್ಯಾಂಕುಗಳಿಗೆ ತಾನು ಕೊಡುವ ಅಲ್ಪಾವಧಿ ಸಾಲದ ಬಡ್ಡಿಯಾದ ರೆಪೊ ದರವನ್ನು 2009ರ ಏಪ್ರಿಲ್ ವೇಳೆಗೆ 9ರಿಂದ 4.75ಕ್ಕೆ ತಂದಿತು. ಒಳ್ಳೆಯ ಕೆಲಸ. ಆದರೆ ಬ್ಯಾಂಕಿಗೆ ದುಡ್ಡು ಬಂದರೆ ಸಾಕಾಗದು, ಅದು ಕೊಡಬೇಕಲ್ಲ? ಮೇಲಿನಿಂದ ಬಿಟ್ಟ ನೀರು ಕಾಲುವೆಯ ಕೊನೆಯ ಹೊಲಕ್ಕೆ ಬರುವುದು ಎಲ್ಲರಿಗಿಂತ ತಡ.

2018ರಲ್ಲಿ ರಸ್ತೆಯಂಥ ಮೂಲಸೌಕರ್ಯಕ್ಕೆ ದುಡ್ಡು ಹಾಕುತ್ತಿದ್ದ ಐಎಲ್ ಆಂಡ್ ಎಫ್‌ಎಸ್ ಕಂಪನಿ ಬಿದ್ದಾಗಲೂ ಹಾಗೇ ಆಯಿತು. ಸುಮಾರು 91 ಸಾವಿರ ಕೋಟಿ ಸಾಲ, ಬೀಳುವ ಕೆಲವೇ ವಾರಗಳ ಮುಂಚಿನವರೆಗೂ ಅತ್ಯುತ್ತಮ ದರ್ಜೆಯ ರೇಟಿಂಗ್. ಹತ್ತಾರು ವರ್ಷ ಬೇಕಾಗುವ ರಸ್ತೆ ಕೆಲಸಕ್ಕೆ ತಿಂಗಳುಗಳಲ್ಲಿ ತೀರಿಸಬೇಕಾದ ಸಾಲವನ್ನೂ ತಂದಿದ್ದರು. ಆಮೇಲೆ ಬ್ಯಾಂಕೇತರ ಹಣಕಾಸು ಸಂಸ್ಥೆ ಅಂದರೇ ಸಾಲ ಕೊಡುವವರು ಹಿಂದೆ ಸರಿದರು.

ಈಗ ನಮ್ಮ ಜಿಲ್ಲೆಗೇ ಸೇರಿದ ವಿಷಯ. ಮೈಕ್ರೋಫೈನಾನ್ಸ್ ಕಂಪನಿಗಳು ಹೆಣ್ಣುಮಕ್ಕಳ ಗುಂಪಿಗೆ ಕೊಡುವ ಸಣ್ಣ ಸಾಲ, ವಾರದ ಕಂತು. ಗುಂಪಿನಲ್ಲಿ ಒಬ್ಬರು ಕಟ್ಟದಿದ್ದರೆ ಉಳಿದವರು ಕಟ್ಟಬೇಕು, ಅದೇ ಜಾಮೀನು. ಐದು ಜನರಲ್ಲಿ ಒಬ್ಬರಿಗೆ ಕಷ್ಟವಾದರೆ ನಾಲ್ವರು ಹೊರುತ್ತಾರೆ, ಚೆನ್ನಾದ ಏರ್ಪಾಡು. ಐವರೂ ನೂಲು ಬಿಚ್ಚುವ ಕೆಲಸಕ್ಕೇ ಹೋಗುವವರಾದರೆ? ರೇಷ್ಮೆ ಬಿದ್ದ ವಾರ ಐವರಿಗೂ ಕೂಲಿ ಇಲ್ಲ. ಒಬ್ಬರಿಗೊಬ್ಬರು ಜಾಮೀನು ನಿಂತವರೆಲ್ಲ ಒಂದೇ ಕಂಬಕ್ಕೆ ಒರಗಿದ್ದರು. 2009ರಲ್ಲಿ ಕೋಲಾರ, ಶಿಡ್ಲಘಟ್ಟ, ರಾಮನಗರ, ಮೈಸೂರಿನಲ್ಲಿ ಸಾವಿರಾರು ಹೆಣ್ಣುಮಕ್ಕಳು ಕಂತು ಕಟ್ಟುವುದನ್ನು ನಿಲ್ಲಿಸಿದರು. ರೇಷ್ಮೆ ಕೆಲಸದ ಹಿನ್ನಡೆ, ಒಬ್ಬರ ಮೇಲೇ ಮೂರು ನಾಲ್ಕು ಕಂಪನಿಯ ಸಾಲ, ವಸೂಲಿಯ ಕಿರುಕುಳ, ಕಟ್ಟಬೇಡಿ ಎಂಬ ಸ್ಥಳೀಯ ಮುಖಂಡರ ಕರೆ, ಎಲ್ಲ ಸೇರಿಕೊಂಡವು. ಮರುವರ್ಷ ಅಕ್ಟೋಬರ್‌ನಲ್ಲಿ ಆಂಧ್ರದಲ್ಲಿ ಈ ಕಂಪನಿಗಳಿಗೆ ಕಡಿವಾಣ ಹಾಕುವ ಸುಗ್ರೀವಾಜ್ಞೆ ಬಂತು. ಅಲ್ಲಿ ವಸೂಲಿ ನಿಂತಿತು, ಬ್ಯಾಂಕುಗಳು ಈ ಸಂಸ್ಥೆಗಳಿಗೆ ಕೊಡುವುದನ್ನು ನಿಲ್ಲಿಸಿದವು, ಬೇರೆ ರಾಜ್ಯಗಳಲ್ಲಿ ಸರಿಯಾಗಿ ಕಟ್ಟುತ್ತಿದ್ದವರಿಗೂ ಸಾಲ ಸಿಗದ ಹಾಗಾಯಿತು.

ಹೈಮನ್ ಮಿನ್ಸ್ಕಿ ಎಂಬ ಅರ್ಥಶಾಸ್ತ್ರಜ್ಞರು ಸಾಲಗಾರರನ್ನು ಮೂರು ಬಗೆ ಮಾಡಿದ್ದರು. ದುಡಿಮೆಯಿಂದ ಅಸಲು ಬಡ್ಡಿ ಎರಡೂ ಕಟ್ಟುವವರು. ಬಡ್ಡಿ ಮಾತ್ರ ಕಟ್ಟಿ ಅಸಲನ್ನು ಮುಂದಕ್ಕೆ ಹಾಕುವವರು. ಬಡ್ಡಿಗೂ ಹೊಸ ಸಾಲ ಎತ್ತುವವರು. ನಮ್ಮ ಸಂಘಗಳಲ್ಲಿ ಮೂರನೆಯದಕ್ಕೆ "ರೊಟೇಷನ್" ಅನ್ನುತ್ತಾರೆ. ಮಿನ್ಸ್ಕಿಯವರ ಮುಖ್ಯ ಮಾತು ಏನೆಂದರೆ, ಒಳ್ಳೆಯ ಕಾಲವೇ ಜನರನ್ನು ಮೊದಲನೆಯ ಬಗೆಯಿಂದ ಮೂರನೆಯದಕ್ಕೆ ಜಾರಿಸುತ್ತದೆ. ಕಂತು ಸರಿಯಾಗಿ ಬರುತ್ತಿದ್ದಷ್ಟು ಕಾಲ ಕಂಪನಿಯವರು ಇನ್ನಷ್ಟು ಕೊಡುತ್ತಾರೆ, ನಾವೂ ತಗೊಳ್ಳುತ್ತೇವೆ. ಪುಸ್ತಕದಲ್ಲಿ ನೂರಕ್ಕೆ 99 ವಸೂಲಿ ಕಾಣುತ್ತದೆ, ಆ 99 ಬಂದದ್ದು ಕೂಲಿಯಿಂದಲೋ ಇನ್ನೊಂದು ಕಂಪನಿಯ ಸಾಲದಿಂದಲೋ ಅಂತ ಪುಸ್ತಕ ಹೇಳುವುದಿಲ್ಲ. 2022ರಲ್ಲಿ ರಿಸರ್ವ್ ಬ್ಯಾಂಕು, ಮನೆಯ ತಿಂಗಳ ಆದಾಯದ ಅರ್ಧಕ್ಕಿಂತ ಹೆಚ್ಚು ಕಂತಿಗೆ ಹೋಗಬಾರದು ಅಂತ ನಿಯಮ ಮಾಡಿತು. ಕೂಲಿ ಮನೆಯ ಆದಾಯವನ್ನು ಬರೆದುಕೊಳ್ಳುವವರು ಸಾಲ ಕೊಡಲು ಬಂದವರೇ ಆದ್ದರಿಂದ ನಿಯಮ ಎಷ್ಟು ಗಟ್ಟಿ ಅನ್ನುವುದು ಆ ಒಂದು ಅಂಕಿಯ ಮೇಲೆ ನಿಂತಿದೆ.

2025ರ ಫೆಬ್ರವರಿಯಲ್ಲಿ ನಮ್ಮ ರಾಜ್ಯದಲ್ಲೂ ಸುಗ್ರೀವಾಜ್ಞೆ ಬಂತು. ಬಲವಂತದ ವಸೂಲಿಗೆ 10 ವರ್ಷದವರೆಗೆ ಜೈಲು, 5 ಲಕ್ಷದವರೆಗೆ ದಂಡ. ರಾತ್ರಿ ಮನೆ ಬಾಗಿಲಿಗೆ ಬಂದು ಮಾನ ಕಳೆಯುವವರಿಗೆ ಈ ಭಯ ಬೇಕೇ ಬೇಕಿತ್ತು, ಅದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಕಾನೂನು ಕಿರುಕುಳವನ್ನು ತಡೆಯಬಲ್ಲದು, ಜೂನ್ ತಿಂಗಳ ಶಾಲೆ ಫೀಜಿಗೆ ದುಡ್ಡು ಕೊಡಲಾರದು. ಕಂಪನಿ ಹಿಂದೆ ಸರಿದಾಗ ಆ ತಾಯಿ ಹೋಗುವುದು ಓಲೆ ಗಿರವಿ ಇಡುವುದಕ್ಕೆ, ಅದೂ ಇಲ್ಲದಿದ್ದರೆ ಮೀಟರ್ ಬಡ್ಡಿಯವರ ಹತ್ತಿರ.

ಅಮೆರಿಕದ ಅರ್ಥಶಾಸ್ತ್ರಜ್ಞ ಬೆನ್ ಬರ್ನಾಂಕೆ ಅವರಿಗೆ 2022ರಲ್ಲಿ ಇನ್ನಿಬ್ಬರ ಜೊತೆ ಅರ್ಥಶಾಸ್ತ್ರದ ನೊಬೆಲ್ ಬಂತು. 1930ರ ದಶಕದ ಮಹಾ ಕುಸಿತದ ಬಗ್ಗೆ ಅವರು ತೋರಿಸಿಕೊಟ್ಟದ್ದನ್ನು ನಾನು ತುಂಬ ಮುಖ್ಯ ಅಂದುಕೊಂಡಿದ್ದೇನೆ. ಒಂದು ಬ್ಯಾಂಕು ಮುಚ್ಚಿದರೆ ಅದರ ಜೊತೆಗೆ ಊರಿನಲ್ಲಿ ಯಾರು ನಂಬಿಕಸ್ಥರು ಎಂಬ ತಿಳಿವಳಿಕೆಯೂ ಹೋಗುತ್ತದೆ. ಅದನ್ನು ಮತ್ತೆ ಕಟ್ಟಲು ವರ್ಷಗಳು ಬೇಕು. ನಮ್ಮಲ್ಲಿ ಬ್ಯಾಂಕು ಮುಚ್ಚದೆಯೂ ಅದು ಹೋಗುತ್ತದೆ. ಒಬ್ಬ ಅಧಿಕಾರಿ ಶಾಖೆಗೆ ಬಂದು, ಯಾವ ರೀಲರ್ ಮಾತಿಗೆ ತಪ್ಪುವುದಿಲ್ಲ ಅಂತ ಅರಿಯುವ ಹೊತ್ತಿಗೆ ವರ್ಗವಾಗಿ ಹೋಗುತ್ತಾರೆ. ಹೊಸಬರು ಕಂಪ್ಯೂಟರ್‌ನಲ್ಲಿ ಬಂದ ಸಿಬಿಲ್ ಅಂಕ, ಅಂದರೆ ಹಿಂದಿನ ಸಾಲ ಕಟ್ಟಿದ ದಾಖಲೆಯ ಮೇಲೆ ಹಾಕಿದ ಅಂಕ ನೋಡಿ "ಆಗಲ್ಲಮ್ಮ" ಅನ್ನುತ್ತಾರೆ. ಕಷ್ಟದ ವರ್ಷದಲ್ಲಿ ನಮ್ಮ ಬ್ಯಾಂಕುಗಳಿಗೆ ಬೇಕಾದ ಆಸ್ತಿ ಈ ತಿಳಿವಳಿಕೆಯೇ, ಅದು ಯಾವ ಆಸ್ತಿ ಪಟ್ಟಿಯಲ್ಲೂ ಇಲ್ಲ.

ಠೇವಣಿ ಇಟ್ಟವರು ಒಂದು ವಿಷಯ ಬರೆದಿಟ್ಟುಕೊಳ್ಳಿ. 2020ರ ಫೆಬ್ರವರಿಯಿಂದ ಒಂದು ಬ್ಯಾಂಕಿನಲ್ಲಿ ಒಬ್ಬರಿಗೆ 5 ಲಕ್ಷದವರೆಗೆ ಠೇವಣಿ ವಿಮೆ ಇದೆ. ಪತ್ತಿನ ಸಹಕಾರ ಸಂಘಗಳ ಠೇವಣಿಗೆ ಈ ವಿಮೆ ಇಲ್ಲ. ಬಡ್ಡಿ ಅರ್ಧ ಪರ್ಸೆಂಟ್ ಜಾಸ್ತಿ ಅಂತ ಜೀವಮಾನದ ಉಳಿತಾಯವನ್ನು ಅಲ್ಲಿಗೆ ಹಾಕುವ ಮುಂಚೆ ಇದನ್ನು ಕೇಳಿ.

ಮತ್ತೆ ರೀಲರ್‌ಗೆ ಬರುತ್ತೇನೆ, ಅವರಿಗೆ ಕೊಡಬೇಕಾದ ಮಾಹಿತಿ ಒಂದು ಉಳಿದಿದೆ. 2006ರ ಸಣ್ಣ ಕೈಗಾರಿಕೆಗಳ ಕಾಯ್ದೆಯ ಪ್ರಕಾರ ಕಿರು ಮತ್ತು ಸಣ್ಣ ಘಟಕದಿಂದ ಮಾಲು ಪಡೆದವರು, ಒಪ್ಪಂದ ಏನೇ ಇದ್ದರೂ, 45 ದಿನದೊಳಗೆ ದುಡ್ಡು ಕೊಡಬೇಕು. ತಡವಾದರೆ ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಮೂರು ಪಟ್ಟು ಚಕ್ರಬಡ್ಡಿ ಸೇರಿಸಿ ಕೊಡಬೇಕು. ತಕರಾರಿಗೆ ಫೆಸಿಲಿಟೇಷನ್ ಕೌನ್ಸಿಲ್ ಇದೆ. ಆದರೆ ಇದನ್ನು ಕೇಳಬೇಕಾದರೆ ನಿಮ್ಮ ಹೆಸರು ಸಣ್ಣ ಉದ್ಯಮಗಳ ಸರ್ಕಾರಿ ನೋಂದಣಿಯಾದ ಉದ್ಯಮ್‌ನಲ್ಲಿರಬೇಕು, ಕೊಟ್ಟ ನೂಲಿಗೆ ತಾರೀಖು ಹಾಕಿದ ಬಿಲ್ ಇರಬೇಕು. ಚೀಟಿಯಲ್ಲಿ ಬರೆದುಕೊಂಡ ಬಾಕಿ ಕೌನ್ಸಿಲ್ ಮುಂದೆ ನಿಲ್ಲುವುದು ಕಷ್ಟ. ನೋಂದಣಿಗೆ ಶುಲ್ಕ ಇಲ್ಲ, ಆಧಾರ್ ಮತ್ತು ಪ್ಯಾನ್ ಸಾಕು. ವಾಣಿಜ್ಯ ವಿಭಾಗದ ವಿದ್ಯಾರ್ಥಿಗಳು ಇಲ್ಲಿ ಇಷ್ಟು ಜನ ಇದ್ದೀರಿ. ಶಿಡ್ಲಘಟ್ಟದ ಮಾರುಕಟ್ಟೆ ಆವರಣದಲ್ಲಿ ಒಂದು ಮೇಜು ಹಾಕಿ ಕೂತು, ಬಂದ ರೀಲರ್‌ಗಳಿಗೆಲ್ಲ ಈ ನೋಂದಣಿ ಮಾಡಿಸಿಕೊಡಬೇಕು ಅಂತ ನಿಮ್ಮಲ್ಲೂ ನಿಮ್ಮ ಪ್ರಾಂಶುಪಾಲರಲ್ಲೂ ಕೇಳಿಕೊಳ್ಳುತ್ತೇನೆ. ಈಗ ನಿಮ್ಮ ಪ್ರಶ್ನೆಗಳನ್ನು ಕೇಳಿ.